ಮಲೆನಾಡಿನ ಮಣ್ಣಿನಲ್ಲಿ ಮಾಯಾ ಜೋಗುಳ ಕಟ್ಟುವುದು ಹೇಗೆ: ಕಲ್ಪಿತ ಲೋಕದ ಕಥೆಗಾರರಿಗೊಂದು ಸಮಗ್ರ ಮಾರ್ಗದರ್ಶಿ

ಕಲ್ಪಿತ ಲೋಕದ ಕಥೆ ಬರೆಯುವವರು ಯುದ್ಧಕ್ಕೆ ನೂರು ಪುಟ ಕೊಡುತ್ತಾರೆ, ಖಡ್ಗದ ಹಿಡಿಗೇ ಒಂದು ಪುಟ ಕೊಡುತ್ತಾರೆ. ಆ ಲೋಕದ ಕೂಸು ರಾತ್ರಿ ಹೇಗೆ ಮಲಗುತ್ತದೆ ಎಂಬುದಕ್ಕೆ ಒಂದು ಸಾಲೂ ಇರುವುದಿಲ್ಲ. ನನ್ನ ಕಥೆಯಲ್ಲಿ ಆ ಸಾಲು ಇರಲಿ ಎಂದು ಹೊರಟು ನಾನು ಮೊದಲು ಬರೆದದ್ದು ನಿದ್ರಾದೇವಿಯನ್ನು ಆವಾಹಿಸುವ ಎಂಟು ಸಾಲಿನ ಮಂತ್ರ. ಸಾಲಿಗೆ ಎರಡೆರಡು ಒತ್ತಕ್ಷರ, ಹಾಡಿದೊಡನೆ ತೊಟ್ಟಿಲ ಸುತ್ತ ನೀಲಿ ಬೆಳಕು. ಬಹಳ ಹೆಮ್ಮೆಯಿಂದ ಓದಿ ಹೇಳಿದೆ. ಮೆಟ್ಟುಗತ್ತಿಯ ಮೇಲೆ ಕೂತು ಅಡಿಕೆ ಸುಲಿಯುತ್ತಿದ್ದ ಅಮ್ಮ ತಲೆ ಎತ್ತದೆ ಹೇಳಿದರು: "ಇದನ್ನು ಹಾಡಿದರೆ ಮಲಗಿದ ಕೂಸೂ ಎದ್ದು ಕೂರುತ್ತದೆ."

ಜೋಗುಳವನ್ನು ನಾನು ಮಂತ್ರ ಎಂದುಕೊಂಡಿದ್ದೆ. ಅದು ದುಡಿಮೆಯ ಹಾಡು. ಬೀಸುವ ಪದ, ಕುಟ್ಟುವ ಪದ, ನಾಟಿಯ ಪದ ಇರುವ ಸಾಲಿನಲ್ಲೇ ಅದಕ್ಕೂ ಜಾಗ. ಬೀಸುವವಳ ಕೈಯಲ್ಲಿ ಗೂಟ ಇರುತ್ತದೆ, ತೂಗುವವಳ ಕೈಯಲ್ಲಿ ಹಗ್ಗ. ಹಾಗಾಗಿ ಮಾಯೆಯನ್ನು ಸದ್ಯ ಬದಿಗಿಟ್ಟು ಹಗ್ಗದಿಂದ ಶುರು ಮಾಡೋಣ. ಉದಾಹರಣೆಗೆ ನಾನು ಕಟ್ಟುತ್ತಿರುವ ಲೋಕವನ್ನೇ ಬಳಸುತ್ತೇನೆ. ಅದರ ಹೆಸರು ಸೋನೆಸೀಮೆ. ಅದು ಎಲ್ಲಿಯೂ ಇಲ್ಲ, ಆದರೆ ಹೊಸನಗರ, ತೀರ್ಥಹಳ್ಳಿ, ಸಾಗರದ ಕಡೆಯವರು ಅದರೊಳಗೆ ಕಾಲಿಟ್ಟರೆ ದಾರಿ ತಪ್ಪುವುದಿಲ್ಲ.

ಮೊದಲ ಹೆಜ್ಜೆ: ಹಗ್ಗ ಅಳೆಯಿರಿ

ತೊಲೆಯಿಂದ ಇಳಿಬಿಟ್ಟ ತೊಟ್ಟಿಲು ಒಂದು ಲೋಲಕ. ಅದು ಹೋಗಿ ಬರಲು ಹಿಡಿಯುವ ಹೊತ್ತನ್ನು ತೀರ್ಮಾನಿಸುವುದು ಹಗ್ಗದ ಉದ್ದ, ಕೂಸಿನ ತೂಕವಲ್ಲ. ಮೂರು ಕಿಲೋ ಕೂಸಿಗೂ ಎಂಟು ಕಿಲೋ ಕೂಸಿಗೂ ಒಂದೇ ಲಯ. ಲೆಕ್ಕ ಸುಲಭ: ತೊಲೆಯಿಂದ ತೊಟ್ಟಿಲ ನಡುವಿನವರೆಗಿನ ಉದ್ದವನ್ನು ಮೀಟರಿನಲ್ಲಿ ಅಳೆದು, ಅದರ ವರ್ಗಮೂಲವನ್ನು ಇಮ್ಮಡಿ ಮಾಡಿದರೆ ಒಂದು ಸಾರಿ ಹೋಗಿಬರುವ ಸೆಕೆಂಡುಗಳು ಸಿಗುತ್ತವೆ. ಹಗ್ಗ 4 ಅಡಿ ಇದ್ದರೆ ಸುಮಾರು 2.2 ಸೆಕೆಂಡು. 7 ಅಡಿ ಇದ್ದರೆ 2.9. ಎತ್ತರದ ತೊಲೆಯಿಂದ 12 ಅಡಿ ಇಳಿಬಿಟ್ಟರೆ 3.8. ಇದು ಮೆಲ್ಲಗೆ ತೂಗುವ ಲೆಕ್ಕ. ಹುಚ್ಚು ಬೀಸಿಗೆ ಸ್ವಲ್ಪ ಹೆಚ್ಚು ಹೊತ್ತಾಗುತ್ತದೆ, ಆದರೆ ಹಾಗೆ ಬೀಸುವವರ ಕೈಗೆ ಯಾರೂ ಕೂಸನ್ನು ಕೊಡುವುದಿಲ್ಲ.

ಈ ಮೂರು ಅಂಕಿಗಳೊಳಗೆ ಒಂದು ಸಮಾಜವೇ ಇದೆ. ಸೋಗೆ ಹೊದೆಸಿದ ತಗ್ಗು ಬಿಡಾರದಲ್ಲಿ ಹಗ್ಗ ಗಿಡ್ಡ, ಜೋಗುಳ ಚುರುಕು. ಉಪ್ಪರಿಗೆ ಇರುವ ತೊಟ್ಟಿಮನೆಯಲ್ಲಿ ಹಗ್ಗ ಉದ್ದ, ಜೋಗುಳ ನಿಧಾನ. ಮಾತು, ರಾಗ ಎರಡೂ ಒಂದೇ ಇದ್ದರೂ ನಡೆ ಬೇರೆ. ಸೋನೆಸೀಮೆಯಲ್ಲಿ ಒಬ್ಬಳು ಗುನುಗುವುದನ್ನು ಕೇಳಿದರೆ ಸಾಕು, ಅವಳು ಎಷ್ಟು ಎತ್ತರದ ಮಾಡಿನ ಕೆಳಗೆ ಬೆಳೆದವಳು ಎಂದು ಮುದುಕಿಯರು ಹೇಳುತ್ತಾರೆ. ಕಳೆದುಹೋದ ಹುಡುಗಿಯೊಬ್ಬಳು ಇಪ್ಪತ್ತು ವರ್ಷದ ಮೇಲೆ ಮನೆ ಕಂಡುಕೊಳ್ಳುವುದು ಹುಟ್ಟುಮಚ್ಚೆಯಿಂದಲ್ಲ, ಗುನುಗಿನ ವೇಗದಿಂದ. ಸಿನಿಮಾಗಳಲ್ಲಿ ಸವೆದುಹೋದ ಮಚ್ಚೆಗಿಂತ ಇದು ಎಷ್ಟೋ ವಾಸಿ.

ಹಗ್ಗ ಯಾವುದರದ್ದು ಎಂಬುದನ್ನೂ ನಿಶ್ಚಯಿಸಿ. ನಾನು ಪುಂಡಿ ನಾರನ್ನು ಆರಿಸಿದೆ. ಸಾಗರ, ಸೊರಬದ ಕಡೆ ದೀವರ ಹೆಣ್ಣುಮಕ್ಕಳು ಗೋಡೆಯ ಮೇಲೆ ಹಸೆ ಚಿತ್ತಾರ ಬರೆಯುವ ಕುಂಚವೂ ಪುಂಡಿ ನಾರಿನದ್ದೇ. ಚಿತ್ತಾರದ ಬಣ್ಣಗಳೂ ಅಂಗಡಿಯಿಂದ ಬಂದವಲ್ಲ: ಕೆಂಪಿಗೆ ಕೆಮ್ಮಣ್ಣು, ಬಿಳಿಗೆ ಅರೆದ ಅಕ್ಕಿ, ಕಪ್ಪಿಗೆ ಸುಟ್ಟ ಅಕ್ಕಿ, ಹಳದಿಗೆ ಗುರಿಗೆ ಬೀಜ. ನನ್ನ ಲೋಕದಲ್ಲಿ ತೊಟ್ಟಿಲ ಹಿಂದಿನ ಗೋಡೆಗೆ ಚಿತ್ತಾರ ಬರೆದು ಉಳಿದ ನಾರಿನಿಂದಲೇ ಹಗ್ಗ ಹೊಸೆಯುತ್ತಾರೆ. ಗೋಡೆ ಮತ್ತು ಹಗ್ಗ ಒಡಹುಟ್ಟಿದವು.

ಎರಡನೆಯ ಹೆಜ್ಜೆ: ಛಂದಸ್ಸನ್ನು ಹಗ್ಗಕ್ಕೆ ಕಟ್ಟಿರಿ

ನಾನು ಆರಿಸಿದ್ದು ತ್ರಿಪದಿ. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದ ಕಾಲದಿಂದ, ಅಂದರೆ ಸುಮಾರು ಸಾವಿರದ ಮುನ್ನೂರು ವರ್ಷಗಳಿಂದ, ಕನ್ನಡದ ನಾಲಿಗೆಗೆ ಒಗ್ಗಿದ ಮಟ್ಟು ಇದು. ಗರತಿಯರ ಹಾಡಿನಲ್ಲಿ, ಅದರಲ್ಲೂ ಬಯಲುಸೀಮೆಯಲ್ಲಿ, ಧಾರಾಳವಾಗಿ ಸಿಗುತ್ತದೆ. ಮೂರು ಸಾಲು, ಒಟ್ಟು ಹನ್ನೊಂದು ಗಣ, ಅಂದರೆ ಅಕ್ಷರಗಳ ಗುಂಪು: ನಾಲ್ಕು, ನಾಲ್ಕು, ಮೂರು. ಆರನೆಯದು ಮತ್ತು ಹತ್ತನೆಯದು ಚಿಕ್ಕ ಗಣ, ಅಂದರೆ ಬ್ರಹ್ಮಗಣ, ಉಳಿದವು ವಿಷ್ಣುಗಣ. ಪಂಡಿತರಿಗೆ ಇದರಲ್ಲಿ ಇನ್ನೂ ಸೂಕ್ಷ್ಮಗಳಿವೆ. ಕಥೆಗಾರರು ದೊಡ್ಡ ಗಣಕ್ಕೆ ಐದು ಮಾತ್ರೆ (ಅಕ್ಷರ ಹೇಳಲು ಹಿಡಿಯುವ ಹೊತ್ತಿನ ಅಳತೆ), ಚಿಕ್ಕದಕ್ಕೆ ಮೂರು ಎಂದು ಎಣಿಸಿಕೊಂಡರೆ ಕೆಲಸ ನಡೆಯುತ್ತದೆ.

ಸೋನೆಸೀಮೆಯ ಜೋಗುಳದ ಮೊದಲ ನುಡಿ ಇದು:

ಹೊರಗೆಲ್ಲ ಸೋನೆಮಳೆ ಒಳಗೊಂದು ಬಿಸಿಯುಸಿರು
ಇರುಳೆಲ್ಲ ತೂಗಿ ಕೈಸೋತೆ – ನನ ನಿದ್ದೆ
ಎರವಿತ್ತೆ ಕಂದ ಮಲಗಯ್ಯ

ಒಡೆದು ನೋಡಿ. ಹೊರಗೆಲ್ಲ | ಸೋನೆಮಳೆ | ಒಳಗೊಂದು | ಬಿಸಿಯುಸಿರು. ಇರುಳೆಲ್ಲ | ತೂಗಿ | ಕೈಸೋತೆ | ನನನಿದ್ದೆ. ಎರವಿತ್ತೆ | ಕಂದ | ಮಲಗಯ್ಯ. ‘ತೂಗಿ’ ಮತ್ತು ‘ಕಂದ’ ಚಿಕ್ಕ ಗಣಗಳು. ಹೊರ, ಇರು, ಎರ: ಮೂರು ಸಾಲಿನಲ್ಲೂ ಎರಡನೆಯ ಅಕ್ಷರ ‘ರ’ಕಾರ. ಇದೇ ಆದಿಪ್ರಾಸ. ಸಾಲಿನ ಕೊನೆಯ ಪ್ರಾಸಕ್ಕೆ ಒದ್ದಾಡಬೇಡಿ. ಹಾಡುವವಳಿಗೆ ಮುಂದಿನ ಸಾಲು ನೆನಪಾಗಬೇಕಾದದ್ದು ಸಾಲು ಶುರುವಾಗುವಲ್ಲಿ.

ಇನ್ನು ಇದನ್ನು ಹಗ್ಗಕ್ಕೆ ಕಟ್ಟುವುದು. ತೊಟ್ಟಿಲು ಅತ್ತ ಹೋಗುವಾಗ ಒಂದು ಗಣ, ಇತ್ತ ಬರುವಾಗ ಒಂದು ಗಣ. ಚಿಕ್ಕ ಗಣ ಬಂದಲ್ಲಿ ಸ್ವರವನ್ನು ಎಳೆದು ಹೊತ್ತು ತುಂಬಿಸಬೇಕು. ತೂಗೀ ಎಂದು, ಕಂದಾ ಎಂದು. ಮೊದಲ ಸಾಲಿಗೆ ತೊಟ್ಟಿಲು ಎರಡು ಸಾರಿ ಹೋಗಿ ಬಂದಿತು. ಎರಡನೆಯದಕ್ಕೂ ಎರಡು ಸಾರಿ. ಮೂರನೆಯ ಸಾಲಿನಲ್ಲಿ ಗಣ ಮೂರೇ. ‘ಮಲಗಯ್ಯ’ ಎನ್ನುವಾಗ ತೊಟ್ಟಿಲು ಅತ್ತ ಹೋಗಿರುತ್ತದೆ, ಮರಳಿ ಬರುವಾಗ ಹಾಡಲು ಮಾತಿಲ್ಲ. ಹನ್ನೆರಡನೆಯ ಗಣ ಖಾಲಿ.

ನಾನು ಮಾಯೆಗೆ ಜಾಗ ಹುಡುಕುತ್ತಿದ್ದೆ. ಛಂದಸ್ಸು ಮೊದಲೇ ಬಿಟ್ಟಿತ್ತು. ಮಾತಿಲ್ಲದ ಆ ಅರ್ಧ ತೂಗಿನಲ್ಲಿ, ಹಗ್ಗದ ಕಿರುಗುಟ್ಟು ಮಾತ್ರ ಕೇಳುವಾಗ, ನಿದ್ದೆ ಕೈ ಬದಲಾಯಿಸುತ್ತದೆ. ಶಕ್ತಿ ಇರುವುದು ಹಾಡದೆ ಬಿಟ್ಟದ್ದರಲ್ಲಿ. ಆದ್ದರಿಂದ ಸೋನೆಸೀಮೆಯಲ್ಲಿ ಈ ಹಾಡನ್ನು ಕದಿಯಲು ಬಂದವರೆಲ್ಲ ಪೆಚ್ಚಾಗಿ ಹೋಗುತ್ತಾರೆ. ಅವರು ಮಾತನ್ನು ಬರೆದುಕೊಳ್ಳುತ್ತಾರೆ, ರಾಗವನ್ನು ಕಲಿಯುತ್ತಾರೆ, ಖಾಲಿ ಗಣವನ್ನು ಬರೆದುಕೊಳ್ಳುವುದು ಹೇಗೆಂದು ಗೊತ್ತಾಗುವುದಿಲ್ಲ.

ಇನ್ನೊಂದು ಲೆಕ್ಕ ಉಳಿಯಿತು. 7 ಅಡಿ ಹಗ್ಗದಲ್ಲಿ ಒಂದು ನುಡಿ ಮುಗಿಯಲು ಹದಿನೇಳೂವರೆ ಸೆಕೆಂಡು. ಹಟಮಾರಿ ಕೂಸಿಗೆ ಅರ್ಧ ಗಂಟೆ ಬೇಕಾದರೆ ನೂರಕ್ಕೂ ಹೆಚ್ಚು ಸುತ್ತು. ನೂರು ಸಾರಿ ಹಾಡಿದರೂ ಹೇಸಿಗೆಯಾಗದ ಮಾತು ಎಷ್ಟಿದ್ದೀತು? ಚಮತ್ಕಾರದ ಉಪಮೆ ಐದನೆಯ ಸುತ್ತಿಗೇ ಹಳಸುತ್ತದೆ. ಮಳೆ, ಉಸಿರು, ಕೈ, ನಿದ್ದೆ ಇವು ಹಳಸುವುದಿಲ್ಲ.

ಮೂರನೆಯ ಹೆಜ್ಜೆ: ಬೆಲೆ ಗೊತ್ತುಮಾಡಿ

ಬೆಲೆ ಇಲ್ಲದ ಮಾಯೆ ಕಥೆಯನ್ನು ಕೊಲ್ಲುತ್ತದೆ ಎಂಬುದು ಈ ದಾರಿಯಲ್ಲಿ ನಡೆದವರಿಗೆಲ್ಲ ಗೊತ್ತು. ಆದರೆ ಬೆಲೆ ಎಂದೊಡನೆ ರಕ್ತ, ಆಯಸ್ಸು, ಜ್ಞಾಪಕಶಕ್ತಿ ಎಂದು ಕೈಚಾಚುವುದು ನನಗೆ ಹಿಡಿಸುವುದಿಲ್ಲ. ಜೋಗುಳ ಹಾಡುವವಳು ಏನನ್ನು ಕಳೆದುಕೊಳ್ಳುತ್ತಾಳೆ? ಬಾಣಂತಿಯನ್ನು ಕೇಳಿ. ನಿದ್ದೆ.

ಸೋನೆಸೀಮೆಯ ನಿಯಮ ಇಷ್ಟೇ: ನಿದ್ದೆಯನ್ನು ಹುಟ್ಟಿಸಲಾಗದು, ದಾಟಿಸಬಹುದು. ಹಾಡಿದವಳ ಆ ರಾತ್ರಿಯ ನಿದ್ದೆ ಕೂಸಿಗೆ ಹೋಗುತ್ತದೆ, ಅವಳು ಬೆಳಗಿನವರೆಗೆ ಕಣ್ಣು ಬಿಟ್ಟೇ ಇರುತ್ತಾಳೆ. ಕೊಟ್ಟದ್ದು ದಾನವಲ್ಲ, ಎರವು. ಅದು ಮರಳಬೇಕು. ಅದಕ್ಕೆ ಬೆಳಗಿನ ನುಡಿ ಬೇರೆಯೇ ಇದೆ:

ಬೆಳಗಾಯ್ತು ಕಾನಿನಲಿ ಸಿಳ್ಳಾರ ಕೂಗಿತ್ತು
ಎಳೆಗಣ್ಣು ತೆರೆದು ನಗುವಾಗ – ನನ ನಿದ್ದೆ
ಬಳಿತಂದು ನೀಡು ನನ ಕಂದ

ಸಿಳ್ಳಾರ ಮಳೆಗಾಲದ ನಸುಕಿನಲ್ಲಿ, ಇನ್ನೂ ಮುಖ ಕಾಣದ ಹೊತ್ತಿಗೆ, ದಾರಿಹೋಕ ಹುಡುಗನೊಬ್ಬ ಗುರಿಯಿಲ್ಲದೆ ಸಿಳ್ಳೆ ಹಾಕಿದಂತೆ ಹಾಡುವ ಹಕ್ಕಿ. ಕೇಳಿದವರು ಮರೆಯುವುದಿಲ್ಲ. ಅದು ಹಾಡಿದ ಮೇಲೆ ಕೂಸು ತಾನಾಗಿ ಎದ್ದು ನಕ್ಕರೆ ಎರವು ತೀರಿತು, ಹಾಡಿದವಳಿಗೆ ಹಗಲಿನಲ್ಲಿ ಒಂದು ಗಳಿಗೆ ಸವಿನಿದ್ದೆ. ಯಾರಾದರೂ ಕೂಸನ್ನು ಅಲುಗಿಸಿ ಎಬ್ಬಿಸಿದರೆ ನಿದ್ದೆ ನಡುವೆಯೇ ಜಾರಿ ಯಾರಿಗೂ ಸೇರದೆ ಕಾನಿನಲ್ಲಿ, ಅಂದರೆ ದಟ್ಟ ಕಾಡಿನಲ್ಲಿ, ಅಲೆಯುತ್ತದೆ.

ಈಗ ವ್ಯವಸ್ಥೆ ಬೇಕು. ಒಬ್ಬಳೇ ಎಷ್ಟು ರಾತ್ರಿ ಕೊಡಬಲ್ಲಳು? ನಮ್ಮಲ್ಲಿ ಉತ್ತರ ಸಿದ್ಧವಿದೆ: ಮುಯ್ಯಾಳು. ನಿಮ್ಮ ಗದ್ದೆಯ ನಾಟಿಗೆ ನಮ್ಮ ಮನೆಯಿಂದ ಎರಡಾಳು ಬಂದರೆ ನಮ್ಮ ನಾಟಿಗೆ ನಿಮ್ಮ ಮನೆಯಿಂದ ಎರಡಾಳು ಬರಬೇಕು. ಕೂಲಿಯ ಮಾತಿಲ್ಲ, ಮರೆಯುವ ಹಾಗೂ ಇಲ್ಲ. ಸೋನೆಸೀಮೆಯಲ್ಲಿ ರಾತ್ರಿಗಳೇ ಮುಯ್ಯಿ. ನೆರೆಮನೆಯ ಬಾಣಂತಿಗೆ ಮೂರು ರಾತ್ರಿ ಹಾಡಿದವಳಿಗೆ ಮೂರು ರಾತ್ರಿ ಬಾಕಿ. ಲೆಕ್ಕ ಬರೆಯುವುದು ತೊಟ್ಟಿಲ ಹಗ್ಗದ ಮೇಲೆ: ಪಡೆದ ರಾತ್ರಿಗೊಂದು ಗಂಟು, ತೀರಿದರೆ ಬಿಚ್ಚುವುದು. ಮನೆಯ ಹಗ್ಗ ಮುಟ್ಟಿ ನೋಡಿದರೆ ಯಾರು ಯಾರಿಗೆ ಎಷ್ಟು ಋಣಿ ಎಂದು ತಿಳಿಯುತ್ತದೆ. ಗಂಟು ಹೆಚ್ಚಾದಂತೆ ಹಗ್ಗ ಗಿಡ್ಡವಾಗುತ್ತದೆ ಎಂಬುದನ್ನು ಗಮನಿಸಿದಿರಾ? ಹಗ್ಗ ಗಿಡ್ಡವಾದರೆ ಲಯ ಚುರುಕಾಗುತ್ತದೆ. ಸಾಲದಲ್ಲಿರುವ ಮನೆಯ ಜೋಗುಳ ಓಡುತ್ತದೆ. ಇದನ್ನು ನಾನು ಯೋಚಿಸಿ ಮಾಡಿದ್ದಲ್ಲ. ಮೊದಲ ಹೆಜ್ಜೆಯನ್ನು ಪ್ರಾಮಾಣಿಕವಾಗಿ ಮಾಡಿದ್ದಕ್ಕೆ ಮೂರನೆಯ ಹೆಜ್ಜೆಯಲ್ಲಿ ಸಿಕ್ಕ ಬಡ್ಡಿ.

ಖಳನೂ ಇಲ್ಲೇ ಹುಟ್ಟುತ್ತಾನೆ. ಕೊಯ್ಲಿಗೆ ಮೊದಲೇ ಮುಂಗಡ ಕೊಟ್ಟು ಫಸಲನ್ನು ಹಿಡಿದುಕೊಳ್ಳುವ ಅಡಿಕೆ ಮಂಡಿಯ ಲೆಕ್ಕಾಚಾರ ನಮಗೆ ಹೊಸದೇನಲ್ಲ. ಕಾನಿನಲ್ಲಿ ಅಲೆಯುವ ಒಡೆಯರಿಲ್ಲದ ನಿದ್ದೆಯನ್ನು ಹಿಡಿದು, ಅದನ್ನು ಬಾಣಂತಿಯರಿಗೆ ಮುಂಗಡ ಕೊಟ್ಟು, ಮುಂದೆ ಅವರ ಮಕ್ಕಳ ನಿದ್ದೆಯನ್ನು ಬರೆಸಿಕೊಳ್ಳುವ ಸಾಹುಕಾರನೊಬ್ಬನನ್ನು ಊಹಿಸಿ. ಕೊಂಬು, ಕೋರೆದಾಡೆ ಬೇಡ. ಕಿವಿಯ ಮೇಲೊಂದು ಪೆನ್ಸಿಲ್, ಕಂಕುಳಲ್ಲೊಂದು ಕಡತ ಇದ್ದರೆ ಸಾಕು.

ನಾಲ್ಕನೆಯ ಹೆಜ್ಜೆ: ಮಾತು ಮತ್ತು ರಾಗ

ಇದರ ಬಗ್ಗೆ ಹೆಚ್ಚು ಹೇಳುವುದಿಲ್ಲ. ಮ, ನ, ಲ, ಳ, ದೀರ್ಘ ಸ್ವರಗಳು ಕೈಗೆ ಹತ್ತಿರ ಇರಲಿ. ಮಹಾಪ್ರಾಣ, ಕ್ಷಕಾರ, ಸ್ಫಕಾರ ದೂರ ಇರಲಿ. ಅಂಥ ಅಕ್ಷರಗಳನ್ನು ಮೆಲ್ಲಗೆ ಹೇಳಲು ಬರುವುದಿಲ್ಲ.

ರಾಗದ ಮಾತು ಬಂದರೆ ಸಂಗೀತ ಬಲ್ಲವರು ಕೂಡಲೇ ನೀಲಾಂಬರಿ ಎನ್ನುತ್ತಾರೆ. ಅದು 29ನೆಯ ಮೇಳ (ಮೂಲರಾಗ) ಧೀರಶಂಕರಾಭರಣದಿಂದ ಹುಟ್ಟಿದ ರಾಗ, ಜೋಗುಳಕ್ಕೆ ಹೆಸರಾದದ್ದೂ ನಿಜ. ಆದರೆ ಇಡೀ ದಿನ ಗದ್ದೆಯಲ್ಲಿ ಬಗ್ಗಿದ್ದವಳು ರಾತ್ರಿ ಗಮಕ ತೆಗೆಯುವುದಿಲ್ಲ. ನಾಲ್ಕೈದು ಸ್ವರದೊಳಗೆ ಏರಿ, ಸಾಲಿನ ಕೊನೆಯಲ್ಲಿ ಇಳಿಯುವ ಧಾಟಿ ಸಾಕು.

ಊರಿನ ಹೆಸರುಗಳಿಗೆ ಮಾತ್ರ ಸಮಯ ಕೊಡಿ. ಅಲ್ಡೋರಿಯಾ, ಸೋಮ್ನಾರಿಯಾ ಎಂದೆಲ್ಲ ಇಟ್ಟರೆ ಜೋಗುಳದ ಒಂದು ಗಣಕ್ಕೂ ಅದು ಒಗ್ಗುವುದಿಲ್ಲ. ನಮ್ಮ ನೆಲದಲ್ಲೇ ಹೆಸರು ಕಟ್ಟುವ ತುಂಡುಗಳು ಬಿದ್ದಿವೆ: ಗದ್ದೆ, ಮಕ್ಕಿ, ಕೊಪ್ಪ, ಬೈಲು, ಹಕ್ಕಲು, ಕೊಡಿಗೆ. ತಗ್ಗಿನಲ್ಲಿ ನೀರು ನಿಲ್ಲುವುದು ಬೈಲು, ಏರಿನಲ್ಲಿ ಮಳೆಯನ್ನೇ ನಂಬಿದ್ದು ಮಕ್ಕಿ. ಹೆಸರು ಕೇಳಿದೊಡನೆ ನೆಲದ ಎತ್ತರ ತಿಳಿಯುತ್ತದೆ. ನನ್ನ ಕಥೆಯ ಮುಖ್ಯ ಊರು ಎಚ್ಚರಮಕ್ಕಿ. ಏರಿನ ಮೇಲಿದೆ, ನೀರು ಕಡಿಮೆ, ನಿದ್ದೆಯೂ ಕಡಿಮೆ.

ಐದನೆಯ ಹೆಜ್ಜೆ: ಸಂಪ್ರದಾಯಕ್ಕೆ ವಿವರಣೆ ಕೊಡಬೇಡಿ, ವಸ್ತು ಕೊಡಿ

ಬಹಳಷ್ಟು ಕಥೆಗಳಲ್ಲಿ ಒಬ್ಬ ಗಡ್ಡದ ಮುದುಕ ಬಂದು ಸಂಪ್ರದಾಯದ ಅರ್ಥವನ್ನು ಎರಡು ಪುಟ ವಿವರಿಸುತ್ತಾನೆ. ನಿಜವಾದ ಸಂಪ್ರದಾಯದಲ್ಲಿ ಅರ್ಥ ಕೇಳಿದರೆ ಬೈಸಿಕೊಳ್ಳುತ್ತೀರಿ. ಅಲ್ಲಿ ಇರುವುದು ಕೈಯಲ್ಲಿ ಹಿಡಿಯುವ ಒಂದು ವಸ್ತು, ನಡೆಯುವ ಒಂದು ದಾರಿ, ಮನೆಯವರು ಮಾಡಬೇಕಾದ ಒಂದು ಕೆಲಸ. ದೀಪಾವಳಿಯ ರಾತ್ರಿಗಳಲ್ಲಿ ಅಂಟಿಕೆ-ಪಂಟಿಕೆಯವರು ಹಾಡುತ್ತ ದೀಪ ಹಿಡಿದು ಮನೆಯಿಂದ ಮನೆಗೆ, ಊರಿಂದ ಊರಿಗೆ ಬರುವುದನ್ನು ನೆನೆಯಿರಿ. ದೀಪ ಆರಬಾರದು, ಮನೆಯವರು ಎಣ್ಣೆ ಎರೆಯಬೇಕು. ಕತ್ತಲ ಗದ್ದೆ ಬದುವಿನ ಮೇಲೆ ಆ ದೀಪವೊಂದು ನಡೆದು ಬರುವುದನ್ನು ಕಂಡ ಮಗುವಿಗೆ ಬೇರೆ ವಿವರಣೆ ಬೇಕಿಲ್ಲ. ಭೂಮಿ ಹುಣ್ಣಿಮೆಯೂ ಹಾಗೆಯೇ. ಹೊಡೆ ತುಂಬಿದ ಗದ್ದೆ ಬಸುರಿ. ಅವಳಿಗೆ ಬಯಕೆಯ ಊಟವನ್ನು ಚಿತ್ತಾರ ಬರೆದ ಬೂಮಣ್ಣಿ ಬುಟ್ಟಿಯಲ್ಲಿ ಹೊತ್ತುಕೊಂಡು ಹೋಗುತ್ತಾರೆ. ಅಷ್ಟೇ.

ತೊಟ್ಟಿಲ ಶಾಸ್ತ್ರದಲ್ಲೂ ಬೇಕಾದಷ್ಟು ಇದೆ. ಕೂಸನ್ನು ಮಲಗಿಸುವ ಮೊದಲು ಗುಂಡುಕಲ್ಲಿಗೆ ಬಟ್ಟೆ ಸುತ್ತಿ ತೊಟ್ಟಿಲಿಗೆ ಹಾಕುವುದು, ತೊಟ್ಟಿಲ ಕೆಳಗಿನಿಂದ ಕೈಯಿಂದ ಕೈಗೆ ಕೂಸನ್ನು ದಾಟಿಸುವುದು, ಬರಿದಾದ ತೊಟ್ಟಿಲನ್ನು ತೂಗಬಾರದೆಂಬ ನಿಷೇಧ. ಇವನ್ನು ಹಾಗೇ ಎತ್ತಿಕೊಂಡು ನಿಮ್ಮ ಲೋಕದ ನಿಯಮಕ್ಕೆ ಒರೆಸಿ ನೋಡಿ. ಬರಿದಾದ ತೊಟ್ಟಿಲನ್ನು ಯಾಕೆ ತೂಗಬಾರದು? ಸೋನೆಸೀಮೆಯಲ್ಲಿ ಉತ್ತರ ತಾನಾಗಿ ಬರುತ್ತದೆ: ನಿದ್ದೆ ತೆಗೆದುಕೊಳ್ಳಲು ಕೂಸಿಲ್ಲದ ತೊಟ್ಟಿಲು ಊರಿನ ನಿದ್ದೆಯನ್ನೆಲ್ಲ ಸುಮ್ಮನೆ ಸೆಳೆದು ಚೆಲ್ಲುತ್ತದೆ. ಈ ಉತ್ತರವನ್ನು ಕಥೆಯಲ್ಲಿ ಯಾರ ಬಾಯಿಂದಲೂ ಹೇಳಿಸಬೇಡಿ. ಒಬ್ಬ ತುಂಟ ಹುಡುಗ ಬರಿದಾದ ತೊಟ್ಟಿಲು ತೂಗಲಿ, ಅಜ್ಜಿ ಓಡಿಬಂದು ಹಗ್ಗ ಹಿಡಿಯಲಿ, ಆ ರಾತ್ರಿ ಕೇರಿಯ ನಾಯಿಗಳೂ ಮಲಗದಿರಲಿ.

ಕಲಿಸುವ ಕ್ರಮವನ್ನೂ ಹೀಗೆಯೇ ಕಟ್ಟಬಹುದು. ಹಾಡನ್ನು ಹಗಲಿನಲ್ಲಿ ಅಭ್ಯಾಸ ಮಾಡುವ ಹುಡುಗಿಯರು ಖಾಲಿ ಗಣವನ್ನು ಖಾಲಿ ಬಿಡುವಂತಿಲ್ಲ. ಅಲ್ಲಿ ‘ಜೋಜೋಜೋ’ ಎಂದೋ ‘ಹೂಂ’ ಎಂದೋ ತುಂಬಿಸಬೇಕು. ಇಲ್ಲದಿದ್ದರೆ ನಾಟಿ ಗದ್ದೆಯಲ್ಲಿ ನಿಂತವರು ಸಸಿ ಹಿಡಿದೇ ತೂಕಡಿಸುತ್ತಾರೆ. ಮದುವೆಯಾಗಿ ಮೊದಲ ಕೂಸು ಹುಟ್ಟಿದ ರಾತ್ರಿ ಅತ್ತೆ ಸೊಸೆಯ ಕಿವಿಯಲ್ಲಿ ಹೇಳುವ ಗುಟ್ಟು ಒಂದೇ: "ಕೊನೆಗೆ ಏನೂ ಅನ್ನಬೇಡ." ಗಂಡಸರು ಹಾಡಬಹುದೇ? ಹಾಡಬಹುದು. ಆದರೆ ಎಚ್ಚರಮಕ್ಕಿಯ ಗಂಡಸರಿಗೆ ಸುಮ್ಮನಿರಬೇಕಾದಲ್ಲಿ ಸುಮ್ಮನಿರುವುದು ಅಭ್ಯಾಸವಿಲ್ಲ ಎಂದು ಅಲ್ಲಿನ ಹೆಂಗಸರು ನಗುತ್ತಾರೆ.

ಪಂಚಾಂಗವೂ ಬೇಕು. ನಮ್ಮ ಮಳೆಗಳಿಗೆ ನಕ್ಷತ್ರಗಳ ಹೆಸರು: ಮೃಗಶಿರಾ, ಆರಿದ್ರಾ, ಪುನರ್ವಸು, ಪುಷ್ಯ, ಆಶ್ಲೇಷಾ. ಒಂದೊಂದೂ ಹದಿಮೂರು ಹದಿನಾಲ್ಕು ದಿನ. ಆಗುಂಬೆಯಂಥಲ್ಲಿ ವರ್ಷಕ್ಕೆ ಏಳು ಸಾವಿರ ಮಿಲಿಮೀಟರಿಗೂ ಹೆಚ್ಚು ಸುರಿಯುವ ಸರಾಸರಿ ಇದೆ, ಅದರಲ್ಲಿ ಬಹುಪಾಲು ಈ ಕೆಲವೇ ಮಳೆಗಳಲ್ಲಿ. ಆ ಸದ್ದಿನಲ್ಲಿ ಪಕ್ಕದವರ ಮಾತೇ ಕೇಳುವುದಿಲ್ಲ, ಇನ್ನು ಖಾಲಿ ಗಣದ ಮೌನ ಎಲ್ಲಿಂದ ಬರಬೇಕು? ನನ್ನ ಲೋಕದಲ್ಲಿ ಆರಿದ್ರೆ ಹೊಕ್ಕ ದಿನದಿಂದ ಪುಷ್ಯ ಮುಗಿಯುವವರೆಗೆ ಮಾಯೆ ಮಂಕು. ಬಾಣಂತಿಯರು ಅತಿ ಕಷ್ಟಪಡುವುದೂ, ಸಾಹುಕಾರ ಕಡತ ಹಿಡಿದು ಬರುವುದೂ ಆ ನಲವತ್ತು ದಿನಗಳಲ್ಲೇ.

ಆರನೆಯ ಹೆಜ್ಜೆ: ಪಾಠಾಂತರಗಳು, ಮತ್ತು ಮುಳುಗಿದ ಊರು

ಒಂದೇ ಪಾಠ ಇರುವ ಜನಪದ ಹಾಡು ಇರುವುದಿಲ್ಲ. ಹೊಳೆಯಾಚೆ ಒಂದು, ಈಚೆ ಒಂದು. ಘಟ್ಟದ ಮೇಲೆ ಒಂದು, ಕೆಳಗೆ ಒಂದು. ಮೂರು ಪಾಠಗಳನ್ನಾದರೂ ಬರೆಯಿರಿ, ಒಂದನ್ನು ಬೇಕೆಂದೇ ಕೆಡಿಸಿ. ಅರ್ಥ ಮರೆತುಹೋದ ಒಂದು ಪದ, ಯಾರೋ ತಪ್ಪಾಗಿ ಕೇಳಿಸಿಕೊಂಡು ಉಳಿಸಿಕೊಂಡ ಒಂದು ಸಾಲು ಇದ್ದರೆ ಹಾಡಿಗೆ ವಯಸ್ಸು ಬರುತ್ತದೆ.

ಶಿವಮೊಗ್ಗ ಜಿಲ್ಲೆಯಲ್ಲಿ ಕೂತು ಬರೆಯುವವರಿಗೆ ಇಲ್ಲೊಂದು ವಿಷಯ ಇದೆ. ಜೋಗದ ಮೇಲೆ ಶರಾವತಿಗೆ ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿಯಿತು. ಪೂರ್ಣ ಮಟ್ಟ 1819 ಅಡಿ. ಆ ಗೆರೆಯ ಕೆಳಗಿದ್ದ ಗದ್ದೆ, ತೋಟ, ದೇವಸ್ಥಾನ, ದಾರಿ ಎಲ್ಲ ನೀರಿನಡಿ ಹೋದವು. ಅದಕ್ಕಿಂತ ಹಳೆಯ ಹಿರೇಭಾಸ್ಕರ ಅಣೆಕಟ್ಟೂ ಮುಳುಗಿತು. ಹಿನ್ನೀರು ತೀರ ಇಳಿದ ಬೇಸಗೆಗಳಲ್ಲಿ ಅದು ಮೇಲೆದ್ದು ಕಾಣುತ್ತದೆ. ಅಣೆಕಟ್ಟೇ ಅಣೆಕಟ್ಟಿನಲ್ಲಿ ಮುಳುಗಿದ ನಾಡಿಗೆ ಕಲ್ಪನೆಯ ಅಗತ್ಯ ಎಷ್ಟಿದ್ದೀತು ಎಂದು ನನಗೆ ಒಮ್ಮೊಮ್ಮೆ ಅನಿಸುತ್ತದೆ. ಇಲ್ಲಿ ‘ಮುಳುಗಡೆ’ ಎಂಬುದು ಒಂದು ಕ್ರಿಯೆಯ ಹೆಸರಷ್ಟೇ ಅಲ್ಲ. ಜನರನ್ನು ಗುರುತಿಸುವ ಮಾತು. "ಅವರು ಮುಳುಗಡೆಯವರು" ಎಂದರೆ ಕೇಳಿದವರು ಮುಂದಿನ ಪ್ರಶ್ನೆ ಕೇಳುವುದಿಲ್ಲ.

ಸೋನೆಸೀಮೆಯಲ್ಲೂ ಒಂದು ಮುಳುಗಿದ ಊರಿದೆ. ಅಲ್ಲಿಂದ ಎದ್ದು ಬಂದವರ ಜೋಗುಳದಲ್ಲಿ ಮಳೆ, ಉಸಿರು ಯಾವುದೂ ಇಲ್ಲ, ಬರೀ ಹೆಸರುಗಳು. ಸಂಪಿಗೆಮರದಡಿ, ಕಟ್ಟಿನಗದ್ದೆ, ಮೂರುಸಂಕ, ಚೌಡಿಬನ, ಮತ್ತೆ ಮನೆಯ ದಣಪೆ, ಅಂದರೆ ಬೇಲಿಬಾಗಿಲು. ಅರ್ಧ ತೂಗಿಗೊಂದು ಜಾಗ. ತೊಟ್ಟಿಲು ತೂಗುತ್ತ ಹಾಡಿದರೆ ಕೂಸು ಆ ಊರಿನಲ್ಲಿ ಒಂದು ಸುತ್ತು ನಡೆದು ಬಂದು ಖಾಲಿ ಗಣದ ಹೊತ್ತಿಗೆ ಮನೆಯ ಬಾಗಿಲಿಗೆ ಮುಟ್ಟಿರುತ್ತದೆ. ಅಲ್ಲಿ ಮಲಗುತ್ತದೆ. ಹಾಗಾಗಿ ಮುಳುಗಡೆಯವರ ಮಕ್ಕಳು ನಿದ್ದೆಯಲ್ಲಿ ಕಾಣದ ಊರಿನ ದಾರಿ ಬಲ್ಲರು. ಸರ್ಕಾರದ ನಕ್ಷೆಯಲ್ಲಿ ನೀಲಿ ಬಣ್ಣ ಬಳಿದ ಜಾಗದಲ್ಲಿ ಸಂಕ, ಅಂದರೆ ಕಾಲುಸೇತುವೆ, ಎಷ್ಟಿದ್ದವು ಎಂದು ಐದು ವರ್ಷದ ಹುಡುಗಿ ಬೆರಳೆಣಿಸಿ ಹೇಳುತ್ತಾಳೆ. ಬೇಸಗೆಯಲ್ಲಿ ನೀರಿಳಿದು ಕಲ್ಲುಸಂಕ ಮೇಲೆದ್ದಾಗ ಅಪ್ಪನ ಹೆಗಲ ಮೇಲಿದ್ದ ಅವಳು, "ಇದು ಎರಡನೆಯದು, ಮೊದಲನೆಯದು ಇನ್ನೂ ಕೆಳಗಿದೆ" ಎನ್ನುತ್ತಾಳೆ.

ಈ ಪಾಠ ಬರೆಯುವಾಗ ಒಂದು ಎಚ್ಚರಿಕೆ. ನಿಜವಾಗಿ ಮುಳುಗಿದ ಊರಿನ ಹೆಸರನ್ನು ಚಂದಕ್ಕೆಂದು ಎತ್ತಿಕೊಳ್ಳಬೇಡಿ. ಆ ಹೆಸರುಗಳನ್ನು ಇನ್ನೂ ಮನೆಯಲ್ಲಿ ಹೇಳಿಕೊಳ್ಳುವವರಿದ್ದಾರೆ.

ಏಳನೆಯ ಹೆಜ್ಜೆ: ಮೂಲಕಥೆ ಕೊನೆಗೆ

ಹಾಡು ಮೊದಲು ಯಾರಿಂದ ಬಂತು ಎಂಬ ಕಥೆಯನ್ನು ಎಲ್ಲ ನಿಯಮ ಗಟ್ಟಿಯಾದ ಮೇಲೆ ಬರೆಯಿರಿ, ಇಲ್ಲದಿದ್ದರೆ ದೇವತೆಗಳು ಬಂದು ಎಲ್ಲವನ್ನೂ ಕೆಡಿಸುತ್ತಾರೆ. ಕಾಡು ನೋಡಿದರೆ ಸಾಕು. ಹೆಣ್ಣು ಕಾಳಿಂಗ ಸರ್ಪ ತರಗೆಲೆಯನ್ನು ಮೈಯಿಂದ ಒಟ್ಟುಮಾಡಿ ಗೂಡು ಕಟ್ಟಿ ಮೊಟ್ಟೆ ಕಾಯುತ್ತದೆ. ಮಂಗಟ್ಟೆ, ಅಂದರೆ ಹಾರ್ನ್‌ಬಿಲ್, ಇನ್ನೂ ವಿಚಿತ್ರ: ಹೆಣ್ಣು ಮರದ ಪೊಟರೆಯೊಳಗೆ ಹೊಕ್ಕು ಪೊಟರೆಯ ಬಾಯನ್ನು ಮುಚ್ಚಿಕೊಳ್ಳುತ್ತದೆ, ಒಂದು ಸೀಳು ಮಾತ್ರ ಬಿಟ್ಟು. ಗಂಡು ಹಣ್ಣು ತಂದು ಆ ಸೀಳಿನಿಂದಲೇ ಉಣಿಸುತ್ತದೆ. ನನ್ನ ಮೂಲಕಥೆಯಲ್ಲಿ ಮೊದಲ ಜೋಗುಳ ಕೇಳಿಸಿದ್ದು ಅಂಥದೊಂದು ಸೀಳಿನಿಂದ. ಅದಕ್ಕೇ ಸೋನೆಸೀಮೆಯವರು ಬಾಯನ್ನು ಸೀಳಿನಷ್ಟೇ ತೆರೆದು ಹಾಡುತ್ತಾರೆ. ಕಥೆಯಲ್ಲಿ ಇದಕ್ಕೆ ಅರ್ಧ ಪುಟ ಸಾಕು.

ಎಂಟನೆಯ ಹೆಜ್ಜೆ: ದೃಶ್ಯದೊಳಗೆ ಇಳಿಸುವುದು

ಇಡೀ ಹಾಡನ್ನು ಒಮ್ಮೆಲೇ ಅಚ್ಚುಹಾಕಬೇಡಿ. ಓದುಗರು ಪದ್ಯ ಕಂಡರೆ ಹಾರಿಸುತ್ತಾರೆ, ನಾನೂ ಹಾರಿಸುತ್ತೇನೆ. ಕೈ ಕೆಲಸದ ನಡುನಡುವೆ ಒಂದೊಂದು ತುಂಡು ಬರಲಿ. ನನ್ನ ಕರಡಿನಿಂದ ಒಂದು ಚೂರು:

ಹಂಚಿನ ಸಂದಿಯಿಂದ ಸೋರಿದ ಹನಿ ತಂಬಿಗೆಗೆ ಬೀಳುತ್ತಿತ್ತು. ಸೊಸೆ ಚಿಮಣಿ ದೀಪದ ಬತ್ತಿ ಇಳಿಸಿ ಹಗ್ಗಕ್ಕೆ ಕೈಹಾಕಿದಳು. ಬೆರಳಿಗೆ ಗಂಟುಗಳು ಸಿಕ್ಕವು. ಐದು. ನಿನ್ನೆ ನಾಲ್ಕಿತ್ತು.
"ಯಾರಿಂದ ಹಾಡಿಸಿದಿರಿ ಅತ್ತೆ?"
ಅತ್ತೆ ಗೋಡೆಯ ಕಡೆ ಹೊರಳಿದರು. "ನೀನು ನಿನ್ನೆ ಕೂತಲ್ಲೇ ಬಿದ್ದೆ. ಕೂಸು ಅಳುತ್ತಿತ್ತು. ಕೆಳಮನೆಯವಳು ಬಂದಳು."
ಅವಳು ಮಾತಾಡದೆ ತೂಗಿದಳು. ಹೊರಗೆಲ್ಲ ಸೋನೆಮಳೆ. ಹಗ್ಗ ಮೊದಲಿಗಿಂತ ಬೇಗ ಮರಳುತ್ತಿತ್ತು. ಹಾಡನ್ನು ಅದರ ಹಿಂದೆ ಓಡಿಸಬೇಕಾಯಿತು. ಎರವಿತ್ತೆ ಕಂದ ಮಲಗಯ್ಯ. ತೊಟ್ಟಿಲು ಮರಳಿ ಬರುವಷ್ಟು ಹೊತ್ತು ತುಟಿ ಬಿಗಿಹಿಡಿದಳು. ತಂಬಿಗೆಗೆ ಒಂದು ಹನಿ ಬಿದ್ದಿತು. ಕೂಸಿನ ಮುಷ್ಟಿ ಸಡಿಲವಾಯಿತು, ಅವಳ ಕಣ್ಣಿನ ಭಾರ ಯಾರೋ ಎತ್ತಿಕೊಂಡಂತೆ ಹಗುರವಾಯಿತು.

ಮಾಯೆ ಎಂಬ ಪದ ಇಲ್ಲಿ ಎಲ್ಲಿಯೂ ಇಲ್ಲ. ನೀಲಿ ಬೆಳಕೂ ಇಲ್ಲ.

ಕೊನೆಯ ಹೆಜ್ಜೆ: ಪರೀಕ್ಷೆ

ಕಾಗದದ ಮೇಲೆ ಗಣ ಸರಿಹೋದರೆ ಮುಗಿಯಲಿಲ್ಲ. ಅಟ್ಟದ ತೊಲೆಗೋ ಮಾವಿನ ಕೊಂಬೆಗೋ ಏಳು ಅಡಿ ಹಗ್ಗ ಕಟ್ಟಿ ತೊಟ್ಟಿಲೋ ಬುಟ್ಟಿಯೋ ಇಳಿಬಿಡಿ. ಬರಿದಾಗಿ ತೂಗಬೇಡಿ, ಮನೆಯಲ್ಲಿ ಹಿರಿಯರಿದ್ದರೆ ಬಿಡುವುದೂ ಇಲ್ಲ. ಶಾಸ್ತ್ರದಲ್ಲಿದ್ದಂತೆ ಗುಂಡುಕಲ್ಲಿಗೆ ಬಟ್ಟೆ ಸುತ್ತಿ ಒಳಗಿಡಿ. ಹಾಡುತ್ತ ಇಪ್ಪತ್ತು ಸುತ್ತು ತೂಗಿ. ಯಾವ ಪದದ ಬಳಿ ಕೈ ತಡವರಿಸುತ್ತದೋ ಆ ಪದ ಹೊಡೆದುಹಾಕಿ. ನನ್ನ ಮೊದಲ ನುಡಿಯಲ್ಲಿ ‘ಬಿಸಿಯುಸಿರು’ ಇದ್ದ ಜಾಗದಲ್ಲಿ ‘ನಿಶ್ವಾಸ’ ಇತ್ತು. ಗಣ ಸರಿಯಾಗಿಯೇ ಇತ್ತು, ಕೈ ಒಪ್ಪಲಿಲ್ಲ.

ನಾನು ಹೀಗೆ ಜಗಲಿಯಲ್ಲಿ ಕಲ್ಲು ತೂಗುತ್ತಿದ್ದಾಗ ಅಮ್ಮ ಅಡಿಕೆ ಸುಲಿಯುತ್ತಲೇ ಇದ್ದರು, ಏನೂ ಹೇಳಲಿಲ್ಲ. ಹನ್ನೆರಡನೆಯ ಸುತ್ತಿಗೋ ಹದಿಮೂರನೆಯದಕ್ಕೋ ಅಡಿಕೆ ಸಿಪ್ಪೆಯ ಸದ್ದು ನಿಂತಿತು. ತಿರುಗಿ ನೋಡಿದರೆ ಗೋಡೆಗೆ ಒರಗಿ ಬಾಯಿಗೆ ಕೈ ಅಡ್ಡ ಹಿಡಿದು ಆಕಳಿಸುತ್ತಿದ್ದರು.